ಸಾರಿ ಹೇಳಿದ ಮೇಲೆ ಅವರ ಮನೆಗೂ ಹೋಗಬೇಕಾ?

ಎಲ್ಲರಿಗೂ ಶರಣು ಶರಣಾರ್ಥಿ.

ಕಳೆದ ವಾರ ನಮ್ಮ ಈ ಗುಂಪಿನಲ್ಲಿ ಮೆಲ್ಬರ್ನ್‌ನ ಅಕ್ಕ ಒಬ್ಬರು ಒಂದು ಪ್ರಶ್ನೆ ಹಾಕಿದ್ದರು. ಮಗಳು ಗೆಳತಿಯ ಜೊತೆ ಜಗಳ ಮಾಡಿಕೊಂಡಿದ್ದಾಳೆ. ಶಾಲೆಯಲ್ಲಿ ಇಬ್ಬರನ್ನೂ ಕೂರಿಸಿ ಮಾತಾಡಿಸಿ ಸಾರಿ ಹೇಳಿಸಿದ್ದಾರೆ. ಆದರೆ ಊರಿಂದ ಬಂದ ಅಜ್ಜಿ "ಅವರ ಮನಿಗಿ ಹೋಗಿ ಬರ್ರಿ" ಅಂತ ಹಠ ಹಿಡಿದಿದ್ದಾರೆ. ಶಾಲೆಯಲ್ಲೇ ಮುಗಿದಿದ್ದನ್ನು ಮತ್ತೆ ಯಾಕೆ ಎಳೆಯಬೇಕು ಅಂತ ಅಕ್ಕನ ಸಂಕಟ. ನಿಮ್ಮಲ್ಲಿ ಹೆಚ್ಚಿನವರು "ಸುಮ್ನೆ ಬಿಟ್ಟುಬಿಡಿ" ಅಂದಿರಿ. ನನಗೆ ಅಜ್ಜಿ ಹೇಳಿದ್ದೇ ಸರಿ ಅನ್ನಿಸಿತು. ಯಾಕೆ ಅಂತ ಹೇಳಲು ಸ್ವಲ್ಪ ಉದ್ದ ಬರೆಯಬೇಕು, ಬೇಜಾರು ಮಾಡಿಕೊಳ್ಳಬೇಡಿ.

ನಾವು ಆಕ್ಲೆಂಡ್‌ನಲ್ಲಿ ಇರೋದು. ಈಗ ಕಲಬುರಗಿ ಜಿಲ್ಲೆ ಸೇಡಂ ತಾಲೂಕಿನ ನಮ್ಮ ಊರಲ್ಲಿ ಕೂತು ಬರೆಯುತ್ತಿದ್ದೇನೆ. ನ್ಯೂಜಿಲೆಂಡ್ ಶಾಲೆಗಳಿಗೆ ಡಿಸೆಂಬರ್ ಮಧ್ಯದಿಂದ ಜನವರಿ ಕೊನೆವರೆಗೆ ಬೇಸಿಗೆ ರಜೆ. ಹಾಗಾಗಿ ಎಳ್ಳ ಅಮಾವಾಸ್ಯೆಗೆ ಮಗನನ್ನು ಕರೆದುಕೊಂಡು ಬರೋದು ನಮಗೆ ಸುಲಭ.

ನಮ್ಮ ಮುತ್ಯಾ, ಅಂದರೆ ಅಜ್ಜ, ಊರಲ್ಲಿ ನ್ಯಾಯ ಹೇಳುತ್ತಿದ್ದರು. ಹೆಚ್ಚಾಗಿ ಬದುವಿನ ಜಗಳ. ನಮ್ಮ ಕಡೆ ಎರೆ ಮಣ್ಣು, ಒಬ್ಬ ಪ್ರತಿ ವರ್ಷ ಒಂದು ಸಾಲು ಒಳಗೆ ನೇಗಿಲು ಹೊಡೆದರೆ ಹತ್ತು ವರ್ಷಕ್ಕೆ ಬದು ಎಲ್ಲಿತ್ತು ಅನ್ನೋದೇ ಗೊತ್ತಾಗಲ್ಲ. ನಾನು ಎಂಟನೇ ಕ್ಲಾಸಲ್ಲಿದ್ದಾಗ ಒಂದು ನ್ಯಾಯ ಕಣ್ಣಾರೆ ನೋಡಿದೆ. ಮುತ್ಯಾ ಮೊದಲು ಇಬ್ಬರ ಮನೆಗೂ ಬೇರೆ ಬೇರೆ ಹೋದರು. ಯಾರ ಮನೆಯಲ್ಲೂ ಚಹಾ ಸಹ ಕುಡಿಯಲಿಲ್ಲ. ಆಮೇಲೆ ಹಣಮಪ್ಪನ ಗುಡಿ ಕಟ್ಟೆಯ ಮೇಲೆ ಹಿರಿಯರು ಕೂತರು. ಹಗ್ಗ ಹಿಡಿದು ಅಳೆದರು, ಹೂತು ಹೋಗಿದ್ದ ಬಾಂದುಕಲ್ಲು ಅಗೆದು ತೆಗೆದರು. ಅಲ್ಲಿಗೆ ಲೆಕ್ಕ ಮುಗಿಯಿತು. ಆದರೆ ಮುತ್ಯಾ ಏಳಲಿಲ್ಲ. "ಇವತ್ತ ರಾತ್ರಿ ಇವನ ಮನ್ಯಾಗ ನೀ ಉಣ್ಣು, ನಾಳಿ ನಿನ್ನ ಮನ್ಯಾಗ ಅವ ಉಣ್ತಾನ. ಆಮ್ಯಾಲ ನಾ ಚಹಾ ಕುಡೀತೀನಿ" ಅಂದರು. ಮರುದಿನ ಕತ್ತಲಾದ ಮೇಲೆ ಇಬ್ಬರೂ ಒಟ್ಟಿಗೆ ನಮ್ಮ ಮನೆಗೆ ಬಂದರು, ಅವ್ವ ಮೂರು ಕಪ್ ಚಹಾ ಇಟ್ಟಳು. ಆ ಚಹಾ ನನಗೆ ಇನ್ನೂ ನೆನಪಿದೆ.

ಈಗ ಮಗನ ವಿಷಯ. ಹೋದ ವರ್ಷ ಆಟದ ಮೈದಾನದಲ್ಲಿ ಬಾಲ್ ಸಲುವಾಗಿ ಗೆಳೆಯನನ್ನು ತಳ್ಳಿದ, ಅವನ ಕನ್ನಡಕ ಸೊಟ್ಟಗಾಯಿತು. ಶಾಲೆಯಲ್ಲಿ ಬೈಯಲಿಲ್ಲ. ಇಬ್ಬರನ್ನೂ ಗುಂಡಗೆ ಕೂರಿಸಿ ಒಬ್ಬೊಬ್ಬರಿಗೂ ಅದೇ ಪ್ರಶ್ನೆ ಕೇಳಿದರು. ಏನಾಯಿತು? ಆಗ ನಿನ್ನ ಮನಸ್ಸಲ್ಲಿ ಏನಿತ್ತು? ಯಾರಿಗೆ ನೋವಾಯಿತು? ಸರಿಮಾಡಲು ಏನು ಮಾಡುತ್ತೀಯ? ನಮ್ಮ ಹುಡುಗ ಬಾಯಿ ಬಿಡಲಿಲ್ಲ, ತಲೆ ತಗ್ಗಿಸಿ ಕೂತ. ಕ್ಲಾಸ್ ಟೀಚರ್‌ಗೆ ಇವನು ತಪ್ಪು ಒಪ್ಪಿಕೊಳ್ಳುತ್ತಿಲ್ಲ ಅನ್ನಿಸಿತು. ಪಕ್ಕದಲ್ಲಿದ್ದ ಸಹಾಯಕ ಟೀಚರ್ ಸಮೋವಾ ಮೂಲದವರು. ದೊಡ್ಡವರ ಮುಂದೆ ಕಣ್ಣಲ್ಲಿ ಕಣ್ಣಿಟ್ಟು ನೋಡಬಾರದು ಅಂತ ತಮ್ಮ ಮನೆಯಲ್ಲೂ ಕಲಿಸುತ್ತಾರೆ, ಅವನು ಮರ್ಯಾದೆ ಕೊಡುತ್ತಿದ್ದಾನೆ ಅಂತ ಅವರೇ ಬಿಡಿಸಿ ಹೇಳಿದರು. ಅದನ್ನು ಕೇಳಿ ನನ್ನ ಕಣ್ಣು ತುಂಬಿತು. ತಲೆ ತಗ್ಗಿಸು ಅಂತ ಕಲಿಸಿದವಳು ನಾನೇ. ಅಲ್ಲಿ ಅದರ ಅರ್ಥವೇ ತಿರುಗುಮುರುಗಾಗುತ್ತದೆ ಅಂತ ಹೊಳೆದಿರಲಿಲ್ಲ.

ಈ ಗುಂಡಗೆ ಕೂರಿಸುವ ಪದ್ಧತಿಗೆ ಅಲ್ಲಿನ ಮೂಲನಿವಾಸಿ ಮಾವೊರಿ ಜನರ ಬೇರು ಗಟ್ಟಿಯಾಗಿದೆ. 1989ರಲ್ಲಿ ನ್ಯೂಜಿಲೆಂಡ್ ಒಂದು ಕಾಯ್ದೆ ತಂದಿತು. ಹದಿವಯಸ್ಸಿನ ಹುಡುಗ ತಪ್ಪು ಮಾಡಿದರೆ ಅವನ ಮನೆಯವರು, ನೋವು ತಿಂದವರು ಎಲ್ಲ ಒಂದು ಕಡೆ ಸೇರಿ ಮಾತಾಡಬೇಕು, ನಡುವೆ ಮನೆಯವರು ತಾವು ತಾವೇ ಕೂತು ಯೋಚಿಸಲು ಸಮಯ ಕೊಡಬೇಕು. ತಪ್ಪು ಒಬ್ಬನದಾದರೂ ಅದನ್ನು ಹೊರುವುದು ಇಡೀ ಮನೆತನ ಅನ್ನುವ ನಂಬಿಕೆ ಅದು. ನಮ್ಮ ಕಟ್ಟೆಗೂ ಅದಕ್ಕೂ ಎಷ್ಟು ಹತ್ತಿರ ಅಲ್ವಾ? ಮಾವೊರಿ ಸಭೆ ಮುಗಿದ ಮೇಲೆ ಎಲ್ಲರೂ ಕೂಡಿ ಊಟ ಮಾಡುತ್ತಾರೆ. ಊಟಕ್ಕೆ ಅವರ ಭಾಷೆಯಲ್ಲಿ ಕೈ ಅಂತಲೇ ಅನ್ನುತ್ತಾರೆ. ನಾವು ಕೈಯಲ್ಲೇ ಉಣ್ಣುತ್ತೇವಲ್ಲ ಅಂತ ಮಗ ಆ ಪದವನ್ನು ಮರೆಯುವುದೇ ಇಲ್ಲ.

ಆದರೆ ಶಾಲೆಯ ಮಾತುಕತೆ ಅರ್ಧ ಗಂಟೆಗೆ ಮುಗಿಯಿತು. ಗಂಟೆ ಹೊಡೆಯಿತು, ಹುಡುಗರು ಕ್ಲಾಸಿಗೆ ಹೋದರು. ಮಗ ಒಂದು ವಾರ ಸಪ್ಪಗಿದ್ದ. ಆಗ ನಾನು ಶೇಂಗಾ ಹೋಳಿಗೆ ಮಾಡಿದೆ. ಶೇಂಗಾ ಆಗುತ್ತದಾ, ಅಲರ್ಜಿ ಇದೆಯಾ, ಹತ್ತು ನಿಮಿಷ ಬಂದು ಹೋಗಬಹುದಾ ಅಂತ ಆ ಹುಡುಗನ ತಾಯಿಗೆ ಮೊದಲೇ ಮೆಸೇಜ್ ಮಾಡಿ ಕೇಳಿದೆ. ಇದು ಮುಖ್ಯ ನೋಡಿ, ಊರಲ್ಲಿ ಹೋದ ಹಾಗೆ ಹೇಳದೆ ಕೇಳದೆ ಬಾಗಿಲು ಬಡಿದರೆ ಅವರು ಗಾಬರಿಯಾಗುತ್ತಾರೆ. ಡಬ್ಬಿಯನ್ನು ಮಗನ ಕೈಯಲ್ಲೇ ಕೊಡಿಸಿದೆ. ಐದು ನಿಮಿಷ ಇಬ್ಬರೂ ಮಾತಾಡಲಿಲ್ಲ. ಆಮೇಲೆ ಹಿತ್ತಲಿಂದ ನಗು ಕೇಳಿಸಿತು. ಅಕ್ಕ, ನಿಮ್ಮ ಅಜ್ಜಿ ಹೇಳುತ್ತಿರುವುದು ಇದನ್ನೇ.

ಯಾದಗಿರಿಯ ತಮ್ಮ ಒಬ್ಬರು "ಊರ ಪಂಚಾಯ್ತಿಯನ್ನು ಹೊಗಳಬೇಡಿ, ಅಲ್ಲಿ ಬಲ ಇದ್ದವನದೇ ಮಾತು" ಅಂತ ಬರೆದಿದ್ದೀರಿ. ನೀವು ಹೇಳಿದ್ದು ನಿಜ. ಇದನ್ನು ಬರೆಯಲು ನನಗೆ ಕಷ್ಟ, ಆದರೂ ಬರೆಯುತ್ತೇನೆ. ನಮ್ಮ ಕಾಕಾ ಚಿಕ್ಕ ವಯಸ್ಸಲ್ಲಿ ತೀರಿಕೊಂಡರು. ಅವರ ಹೆಂಡತಿ, ನಮ್ಮ ಚಿಗವ್ವನ ಪಾಲಿನ ಹೊಲ ಯಾರು ನೋಡಿಕೊಳ್ಳಬೇಕು ಅಂತ ಮುತ್ಯಾ ನಮ್ಮ ಮನೆಯ ಪಡಸಾಲೆಯಲ್ಲೇ ನ್ಯಾಯ ಮಾಡಿದರು. ಚಿಗವ್ವ ಬಾಗಿಲ ಹಿಂದೆ ಸೆರಗು ಹಿಡಿದು ನಿಂತಿದ್ದಳು. ಒಬ್ಬರೂ ಅವಳನ್ನು ಒಳಗೆ ಕರೆದು ನಿನಗೇನು ಬೇಕು ಅಂತ ಕೇಳಲಿಲ್ಲ. ಗಂಡನ ಆಸ್ತಿಯಲ್ಲಿ ಹೆಂಡತಿಗೆ ಪಾಲಿದೆ ಅಂತ 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯೇ ಹೇಳುತ್ತದೆ, ಆ ಮಾತು ಅವತ್ತು ಯಾರ ಬಾಯಲ್ಲೂ ಬರಲಿಲ್ಲ. "ಮನಿ ಮರ್ಯಾದಿ ಅದ, ತಡಕೋ ತಾಯಿ" ಅಂದರು ಅಷ್ಟೇ. ಹೊಲ ದೊಡ್ಡಪ್ಪನ ಕೈಗೆ ಹೋಯಿತು. ನನ್ನ ಪ್ರೀತಿಯ ಮುತ್ಯಾನೇ ಅದನ್ನು ಮಾಡಿದ್ದು. 12ನೇ ಶತಮಾನದಲ್ಲೇ ಅನುಭವ ಮಂಟಪದಲ್ಲಿ ಹೆಣ್ಣುಮಕ್ಕಳು ಸರಿಸಮ ಕೂತು ಮಾತಾಡಿದರು ಅಂತ ನಾವು ಮಕ್ಕಳಿಗೆ ಹೆಮ್ಮೆಯಿಂದ ಹೇಳುತ್ತೇವೆ. ಬಸವಕಲ್ಯಾಣ ನಮ್ಮ ಪಕ್ಕದ ಬೀದರ್ ಜಿಲ್ಲೆಯಲ್ಲೇ ಇದೆ. ನಮ್ಮ ಪಡಸಾಲೆಗೆ ಮಾತ್ರ ಆ ಮಾತು ಬಂದಿರಲಿಲ್ಲ.

ಭಾರತದ 2023ರ ಮಧ್ಯಸ್ಥಿಕೆ ಕಾಯ್ದೆಯಲ್ಲಿ ಊರು-ಕೇರಿಯ ಜಗಳಕ್ಕೆ ಮೂವರು ಮಧ್ಯಸ್ಥಗಾರರು ಇರಬೇಕು, ಅಂಥವರ ಪಟ್ಟಿ ಮಾಡುವಾಗ ಹೆಣ್ಣುಮಕ್ಕಳನ್ನೂ ಗಮನದಲ್ಲಿ ಇಟ್ಟುಕೊಳ್ಳಬೇಕು ಅಂತ ಬರೆದಿದ್ದಾರೆ. ಓದಿ ಖುಷಿಯಾಯಿತು.

ಬರೀ ಕಾಗದದ ರಾಜಿಯನ್ನೂ ನೋಡಿದ್ದೇನೆ. ನಮ್ಮ ಸಂಬಂಧಿಕರಲ್ಲಿ ಅಣ್ಣತಮ್ಮಂದಿರ ತೊಗರಿ ಹೊಲದ ಕೇಸು ವರ್ಷಗಟ್ಟಲೆ ನಡೆದು ಕೊನೆಗೆ ಲೋಕ ಅದಾಲತ್‌ನಲ್ಲಿ ಮುಗಿಯಿತು. ಅಲ್ಲಿ ಆದ ತೀರ್ಮಾನಕ್ಕೆ ಅಪೀಲು ಇಲ್ಲ, ಕಟ್ಟಿದ ಕೋರ್ಟ್ ಫೀ ವಾಪಸ್ ಬರುತ್ತದೆ, ವಕೀಲರ ಅಲೆದಾಟವೂ ತಪ್ಪಿತು. ಒಳ್ಳೆಯದೇ ಆಯಿತು. ಆದರೆ ಸಹಿ ಹಾಕಿ ಹೊರಗೆ ಬಂದವರಲ್ಲಿ ಒಬ್ಬ ಚಹಾ ಹೋಟೆಲಿಗೆ ಹೋದ, ಇನ್ನೊಬ್ಬ ಬಸ್ ಸ್ಟ್ಯಾಂಡಿಗೆ. ಈ ಎಳ್ಳ ಅಮಾವಾಸ್ಯೆಗೂ ಒಬ್ಬರನ್ನೊಬ್ಬರು ಕರೆಯಲಿಲ್ಲ, ಹೊಲ ಪಕ್ಕಪಕ್ಕವೇ ಇವೆ.

ಎಳ್ಳ ಅಮಾವಾಸ್ಯೆ ಅಂದರೆ ಕರೆಯುವ ಹಬ್ಬ ಅಂತ ನಮ್ಮ ಕಡೆಯವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಐದು ಕಲ್ಲಿಟ್ಟು ಪಾಂಡವರ ಪೂಜೆ ಮಾಡಿ, ಹೊಲದ ತುಂಬ ಚರಗ ಅಂದರೆ ಅಡುಗೆಯ ಎಡೆ ಚೆಲ್ಲಿ, ಬದುವಿನ ಆಚೆ ಇದ್ದವರನ್ನು "ಬರ್ರಿ, ಉಣ್ಣಾಕ ಬರ್ರಿ" ಅಂತ ಕೂಗಬೇಕು. ಈ ಸಲ ಬೇವಿನ ಮರಕ್ಕೆ ಜೋಕಾಲಿ ಕಟ್ಟಿದ್ದರು. ಪಾಳಿ ಯಾರದು ಅಂತ ನನ್ನ ಮಗನಿಗೂ ನಮ್ಮ ಅಣ್ಣನ ಮಗನಿಗೂ ಜಗಳ ಹತ್ತಿ, ನನ್ನ ಮಗ ಬಿದ್ದು ಮೊಣಕಾಲು ತರಚಿಕೊಂಡ. ನಾನು ಏಳುವಷ್ಟರಲ್ಲಿ ಮಗನೇ ಶುರು ಮಾಡಿದ, ತನ್ನ ಅರೆಬರೆ ಕನ್ನಡದಲ್ಲಿ. "ಏನ್ ಆಯ್ತು? ನಿಂಗೆ ಆಗ ಏನ್ ಅನ್ಸ್ತು?" ಅಣ್ಣನ ಮಗ ಕಕ್ಕಾಬಿಕ್ಕಿ. "ನನ್ನ ಪಾಳಿ ಇತ್ತು. ನೀ ಬೇರೆ ದೇಶದಂವ ಅಂತ ಎಲ್ಲಾರೂ ನಿನಗಾ ಕೊಡ್ಲತ್ತಾರ" ಅಂದುಬಿಟ್ಟ. ನಮಗೆ ಯಾರಿಗೂ ಹೊಳೆಯದ ವಿಷಯ. ನಿಜವಾಗಿ ಹಾಗೇ ಆಗಿತ್ತು.

ಚಿಗವ್ವ ಬಜ್ಜಿ ಬಡಿಸುತ್ತಿದ್ದಳು. ಸೌಟು ಹಿಡಿದು ಹಾಗೇ ನಿಂತಳು. "ಅಲ್ಲಿ ಸಾಲ್ಯಾಗ ಹಿಂಗ ಕೇಳ್ತಾರೇನವ್ವ?" ಅಂದಳು. ಹೌದು ಅಂದೆ. "ಚಲೋ ಅದ. ನನಗ ಯಾರೂ ಹಿಂಗ ಕೇಳಿದ್ದಿಲ್ಲ" ಅಂದಳು. ಆಮೇಲೆ ಹುಡುಗರಿಬ್ಬರನ್ನೂ ಕರೆದು ಒಂದೇ ತಟ್ಟೆಯಲ್ಲಿ ಸಜ್ಜೆ ಕಡುಬು, ಬಜ್ಜಿ ಹಾಕಿ ಕೊಟ್ಟಳು.

ಇನ್ನೊಂದು ವಿಷಯ. ದಸರಾಕ್ಕೆ ಬನ್ನಿ ಕೊಟ್ಟು "ಬಂಗಾರದಂಗ ಇರೋಣು" ಅನ್ನುವುದನ್ನು ನಮ್ಮ ಮಕ್ಕಳ ಕನ್ನಡ ಕ್ಲಾಸಿನಲ್ಲಿ ಶುರು ಮಾಡಬೇಕು ಅಂದುಕೊಂಡಿದ್ದೇವೆ. ಗಿಡದ ಎಲೆ ತರಲು ನ್ಯೂಜಿಲೆಂಡ್‌ನ ಏರ್‌ಪೋರ್ಟಿನವರು ಬಿಡುವುದಿಲ್ಲ, ಅಲ್ಲಿ ಬಹಳ ಕಟ್ಟುನಿಟ್ಟು. ಕಾಗದದಲ್ಲೇ ಎಲೆ ಕತ್ತರಿಸುತ್ತೇವೆ. ಆ ವರ್ಷ ಯಾರ ಜೊತೆ ಮುನಿಸಿದೆಯೋ ಅವರಿಗೆ ಮೊದಲ ಎಲೆ. ಕೊಡುವ ಮುಂಚೆ ಆ ನಾಲ್ಕು ಪ್ರಶ್ನೆಗಳನ್ನು ನಮ್ಮ ಮಾತಲ್ಲೇ ಕೇಳಿಸಬೇಕು ಅಂತ ಆಸೆ. ಏನಾಗ್ಯದ, ಮನಸಿನ್ಯಾಗ ಏನಿತ್ತು, ಯಾರಿಗಿ ನೋವಾಗ್ಯದ, ಹ್ಯಾಂಗ ಸರಿ ಮಾಡ್ತಿ ಅಂತ ನಾನು ಬರೆದುಕೊಂಡಿದ್ದೇನೆ. ಬೀದರ್, ಯಾದಗಿರಿ ಕಡೆಯವರು ನಿಮ್ಮ ಮನೆಯಲ್ಲಿ ಹೇಗೆ ಕೇಳುತ್ತೀರಿ ಅಂತ ಕೆಳಗೆ ಬರೆಯಿರಿ, ಮಕ್ಕಳ ಹಾಳೆಗೆ ಸೇರಿಸುತ್ತೇನೆ.