ಗೋಡೆ ಮೇಲಿನ ಕಲೆ

"ಮೂರು ಗಂಟೆ ನಡೆದೆ" ಎನ್ನುತ್ತಾ ಸೀನ ಬಂದು ಮೆಟ್ಟಿಲ ಮೇಲೆ ಕುಸಿದ. ಎದೆ ಮೇಲೆ ದುಂಡನೆಯ ಸ್ಟಿಕ್ಕರ್, ಅದರಲ್ಲಿ ಅವನದೇ ಹೆಸರು. ಎಲ್ಲಾದರೂ ಕಳೆದುಹೋದರೆ ತಂದುಬಿಡಲಿ ಅನ್ನುವ ಹಾಗೆ.

"ಡಾಕ್ಟರು ನಡಿ ಅಂದಾಗ ಮಂಡಿ ನೋವು ಅಂದಿದ್ದೆ" ಎಂದಳು ಪದ್ದಕ್ಕ.

"ಅದು ಸುಮ್ನೆ ನಡಿಗೆ ಪದ್ದಕ್ಕ. ಇದು ಸ್ಟ್ರೀಟ್ ಆರ್ಟ್ ವಾಕ್. ಗೈಡ್ ಇರುತ್ತಾರೆ, ಕೈಯಲ್ಲಿ ಹಳದಿ ಛತ್ರಿ ಇರುತ್ತೆ."

"ಮಳೆ ಬಂತಾ?"

"ಇಲ್ಲ. ಛತ್ರಿ ನೋಡಿಕೊಂಡು ನಾವು ಹಿಂದೆ ಹೋಗಬೇಕು."

"ದುಡ್ಡೆಷ್ಟು?"

"ಪೂರ್ತಿ ಫ್ರೀ. ಕೊನೆಯಲ್ಲಿ ಗೈಡ್ ಟೋಪಿ ಹಿಡಿಯುತ್ತಾರೆ, ನಮಗೆ ತೋಚಿದಷ್ಟು ಹಾಕಬೇಕು."

"ನೀನು ಟೋಪಿಗೆ ಹಾಕಿದೆ, ಅವರು ನಿನಗೆ ಟೋಪಿ ಹಾಕಿದರು" ಎಂದ ನಾಣಿ. "ಲೆಕ್ಕ ಚುಕ್ತಾ. ಅದಿರಲಿ, ಹೋಗಿದ್ದೆಲ್ಲಿಗೆ?"

"ಕ್ರಿಯೇಟಿವ್ ಡಿಸ್ಟ್ರಿಕ್ಟ್‌ಗೆ."

"ಅದೆಲ್ಲಿ ಬಂತು?"

"ಇಲ್ಲೇ. ನಮ್ಮ ಹಿಂದಿನ ಬೀದಿ."

"ಗುಜರಿ ಓಣಿ!"

"ಈಗ ಹಾಗೆ ಅನ್ನಬಾರದು. ಹೆಸರು ಬದಲಾಗಿದೆ."

"ಬಾಡಿಗೆ?"

"ಅದೂ ಬದಲಾಗಿದೆ" ಎಂದ ಸೀನ, ಸ್ವಲ್ಪ ಮೆತ್ತಗೆ.

ಆಮೇಲೆ ಫೋಟೋ ಶುರುವಾಯಿತು. ಮದುವೆ ಆಲ್ಬಮ್ಮಿಗಾದರೂ ಕೊನೆ ಇರುತ್ತದೆ. ರೆಕ್ಕೆ ಇರುವ ಹುಡುಗಿ. ರೆಕ್ಕೆ ಇರುವ ಬೆಕ್ಕು. ಬರೀ ರೆಕ್ಕೆ, ನಡುವೆ ನಾವು ನಿಲ್ಲಬೇಕಂತೆ, ಸೀನ ನಿಂತಿದ್ದ. ಮೇಷ್ಟ್ರು ಕನ್ನಡಕ ಏರಿಸಿ ಶ್ರದ್ಧೆಯಿಂದ ನೋಡುತ್ತಿದ್ದರು. ಪದ್ದಕ್ಕ ಪ್ರತಿ ಫೋಟೋಗೂ "ಹೂಂ" ಅನ್ನುತ್ತಿದ್ದಳು, ಫೋಟೋ ಬದಲಾಗದಿದ್ದರೂ.

"ಇದು ನೋಡಿ. ಇಡೀ ಟೂರಿನಲ್ಲಿ ನನಗೆ ಜಾಸ್ತಿ ಇಷ್ಟವಾದದ್ದು ಇದೇ. ಕಂದು ಬಣ್ಣ, ಅಂಚಿನಲ್ಲಿ ಹಸಿರು, ಅಲ್ಲಲ್ಲಿ ಉಪ್ಪು ಚೆಲ್ಲಿದ ಹಾಗೆ ಬಿಳಿ. ಕಲಾವಿದ ಸಹಿ ಕೂಡ ಹಾಕಿಲ್ಲ. ಗೈಡ್ ಏನೂ ವಿವರಿಸಲಿಲ್ಲ. ಒಂದು ನಿಮಿಷ ಮೌನವಾಗಿ ನೋಡಿ ಅಂದರು."

ನಾಣಿ ಮೊಬೈಲ್ ಕಸಿದುಕೊಂಡು ಎರಡು ಬೆರಳಲ್ಲಿ ಚಿತ್ರ ಹಿಗ್ಗಿಸಿದ. ಮೂಲೆಯಲ್ಲಿ ಒಂದು ಕಿಟಕಿ. ಕಿಟಕಿಯಲ್ಲಿ ಒಣಗಲು ಹಾಕಿದ ಒಂದು ಬನಿಯನ್ನು.

"ಇದು ನನ್ನ ಮನೆ ಹಿಂದಿನ ಗೋಡೆ. ಅದು ನನ್ನ ಬನಿಯನ್ನು."

ಯಾರೂ ಮಾತಾಡಲಿಲ್ಲ. ಆ ಒಂದು ನಿಮಿಷದ ಮೌನ ಇಲ್ಲೂ ಆಯಿತು.

"ಅಲ್ಲಿ ಕಲೆ ಇರೋದು ನನಗೂ ಗೊತ್ತು" ಎಂದ ನಾಣಿ. "ಎರಡು ವರ್ಷದಿಂದ ಪ್ಲಂಬರ್‌ಗೆ ಹೇಳುತ್ತಲೇ ಇದ್ದೇನೆ, ಗೋಡೆ ಮೇಲೆ ಕಲೆ ಬಂದಿದೆ ಬಾರಪ್ಪಾ ಅಂತ. ಅವನು ಬರಲಿಲ್ಲ. ನೀವು ಬಂದಿರಿ."

"ಅವೆರಡೂ ಬೇರೆ ಬೇರೆ ಪದ" ಎಂದರು ಮೇಷ್ಟ್ರು. "ಒಂದು ಸಂಸ್ಕೃತದ ಕಲಾ. ಇನ್ನೊಂದು ನಮ್ಮದೇ ಕಲೆ, ಗಾಯದ ಕಲೆ ಅನ್ನುತ್ತೇವಲ್ಲ, ಅದು."

"ಗೋಡೆಗೆ ವ್ಯಾಕರಣ ಬರಲ್ಲ ಮೇಷ್ಟ್ರೇ. ತೇವ ಮಾತ್ರ ಬರುತ್ತೆ. ಮುಂದಿನ ವಾರ ಸುಣ್ಣ ಹೊಡೆಸುತ್ತೇನೆ."

ಸೀನ ಎದ್ದೇ ನಿಂತ. "ಹಾಗೆಲ್ಲ ಮಾಡಬೇಡ! ಅದು ಏಳನೇ ಸ್ಟಾಪು!"

"ದುಡುಕಬೇಡ ನಾಣಿ" ಎಂದರು ಮೇಷ್ಟ್ರು. "ನ್ಯೂಯಾರ್ಕಿನ ಕ್ವೀನ್ಸ್‌ನಲ್ಲಿ ಫೈವ್ ಪಾಯಿಂಟ್ಸ್ ಅಂತ ಒಂದು ಹಳೇ ಕಾರ್ಖಾನೆ ಕಟ್ಟಡ ಇತ್ತು. ಮೈತುಂಬ ಗ್ರಾಫಿಟಿ, ಅಂದರೆ ಸ್ಪ್ರೇ ಬಣ್ಣದ ಬರಹ, ಚಿತ್ರ. 2013ರ ನವೆಂಬರಿನಲ್ಲಿ ಮಾಲೀಕ ರಾತ್ರೋರಾತ್ರಿ ಬಿಳಿ ಬಳಿಸಿಬಿಟ್ಟ. ಕಲಾವಿದರು ಕೋರ್ಟಿಗೆ ಹೋದರು. 2018ರಲ್ಲಿ ಜಡ್ಜ್ 21 ಜನಕ್ಕೆ 67 ಲಕ್ಷ ಡಾಲರ್ ಕೊಡು ಅಂತ ತೀರ್ಪು ಕೊಟ್ಟರು."

"ತನ್ನ ಗೋಡೆಗೆ ತಾನು ಸುಣ್ಣ ಹೊಡೆದದ್ದಕ್ಕೆ?"

"ಅನುಮತಿ ಕೊಟ್ಟು ಬರೆಸಿದ್ದು ಅವನೇ. ಅಳಿಸುವಾಗ ನೋಟಿಸ್ ಕೊಡಲಿಲ್ಲ."

"ನಾನು ಯಾರಿಗೆ ನೋಟಿಸ್ ಕೊಡಲಿ? ಇದನ್ನು ಬರೆದದ್ದು ಮೇಲಿನ ಮನೆಯ ಬಾತ್‌ರೂಮ್ ಪೈಪು. ದಿನಾ ಬೆಳಿಗ್ಗೆ ಆರಕ್ಕೆ ಕೆಲಸ ಶುರು ಮಾಡುತ್ತೆ, ಭಾನುವಾರ ಜಾಸ್ತಿ. ಅಷ್ಟು ನಿಷ್ಠೆ ಇರುವ ಕಲಾವಿದನನ್ನು ನಾನು ನೋಡಿಲ್ಲ."

"ಗೊತ್ತಿಲ್ಲದ ಹಾಗೆ ಬಳಿಸಿಬಿಡು" ಎಂದಳು ಪದ್ದಕ್ಕ.

"ಅದೂ ಆಗಿದೆ" ಎಂದರು ಮೇಷ್ಟ್ರು. ಅವರ ಹತ್ತಿರ ಎಲ್ಲವೂ ಆಗಿರುತ್ತದೆ. "ಮೆಲ್ಬೋರ್ನಿನ ಹೋಸಿಯರ್ ಲೇನ್‌ನಲ್ಲಿ ಬ್ಯಾಂಕ್ಸಿ ಅನ್ನುವ ಹೆಸರುವಾಸಿ ಬೀದಿ ಕಲಾವಿದ ಬಿಡಿಸಿದ ಒಂದು ಇಲಿ ಇತ್ತು, ಪ್ಯಾರಾಚೂಟಿನಲ್ಲಿ ಇಳಿಯುವ ಇಲಿ. 2010ರಲ್ಲಿ ಗೋಡೆ ಶುಚಿ ಮಾಡುವವರು ಬಂದು ಬಣ್ಣ ಬಳಿದು ಹೋದರು. ಲೋಕವೆಲ್ಲ ಅಯ್ಯೋ ಅಂದಿತು."

"ಪಾಪ, ಇಲಿ ಓಡಿಸಿದರೂ ಬೈಗುಳ" ಎಂದ ನಾಣಿ. "ಆ ಕೆಲಸಗಾರರನ್ನು ಇಲ್ಲಿಗೆ ಕರೆಸಲು ಆಗುತ್ತಾ?"

ಸೀನನಿಗೆ ಸಿಟ್ಟು ಬಂದಿತ್ತು. ಸಿಟ್ಟು ಬಂದಾಗ ಅವನು ಹೊಸದಾಗಿ ಕಲಿತ ಪದಗಳನ್ನು ಎಸೆಯುತ್ತಾನೆ. ಟ್ಯಾಗ್ ಬೇರೆ, ಥ್ರೋ-ಅಪ್ ಬೇರೆ, ಪೀಸ್ ಬೇರೆ, ಮ್ಯೂರಲ್ ಬೇರೆ. ಬರೀ ಹೆಸರು ಗೀಚಿದರೆ ಟ್ಯಾಗ್. ಕಾಗದ ಅಂಟಿಸಿದರೆ ಪೇಸ್ಟ್-ಅಪ್. ರಟ್ಟು ಕತ್ತರಿಸಿ, ಗೋಡೆಗೆ ಒತ್ತಿ, ಸ್ಪ್ರೇ ಹೊಡೆದರೆ ಸ್ಟೆನ್ಸಿಲ್.

"ಸ್ಟೆನ್ಸಿಲ್ ಯಾಕೆ ಗೊತ್ತಾ? ಮನೆಯಲ್ಲೇ ಕತ್ತರಿಸಿಕೊಂಡು ಬಂದರೆ ಗೋಡೆ ಹತ್ತಿರ ಬೇಗ ಮುಗಿಯುತ್ತೆ. ಪೊಲೀಸರು ಬರುವುದರೊಳಗೆ ಓಡಬಹುದು."

"ಸರಿ ಕಣೋ. ಬರೆದವನು ಎರಡು ನಿಮಿಷದಲ್ಲಿ ಓಡಿಹೋದ. ನೀವು ಅದರ ಮುಂದೆ ಇಪ್ಪತ್ತು ನಿಮಿಷ ನಿಂತಿರಿ. ಈಗ ಪೊಲೀಸರು ಬಂದರೆ ಸಿಗೋದು ಯಾರು?"

ಪದ್ದಕ್ಕ ನಕ್ಕಳು. ಅದು ಸೀನನಿಗೆ ಇನ್ನೂ ಚುಚ್ಚಿತು. "ನಿಮಗೆ ಹೊರಗಿನ ಪ್ರಪಂಚ ಗೊತ್ತಿಲ್ಲ. ಮಲೇಷ್ಯಾದ ಪೆನಾಂಗ್‌ನ ಜಾರ್ಜ್ ಟೌನಿನಲ್ಲಿ ಗೋಡೆ ಮೇಲೆ ಎರಡು ಮಕ್ಕಳ ಚಿತ್ರ ಇದೆ, ಗೋಡೆಗೆ ನಿಜವಾದ ಸೈಕಲ್ ಜೋಡಿಸಿದ್ದಾರೆ. 2012ರದ್ದು. ಹಿಂದೆ ನಿಂತು ಫೋಟೋ ತೆಗೆಸಲು ಜನ ಕ್ಯೂ ನಿಲ್ಲುತ್ತಾರೆ."

"ಸೈಕಲ್ ಎಲ್ಲಿಗೆ ಹೋಗುತ್ತೆ?"

"ಎಲ್ಲಿಗೂ ಇಲ್ಲ. ಗೋಡೆಗೆ ಅಂಟಿಸಿದ್ದಾರಲ್ಲ."

"ಎಲ್ಲಿಗೂ ಹೋಗದ ಸೈಕಲಿಗೆ ಕ್ಯೂ. ನಿಮ್ಮ ಟೂರೂ ಹಾಗೇ. ಮನೆಯಿಂದ ಹೊರಟು ಮೂರು ಗಂಟೆ ನಡೆದು ಮನೆ ಹಿಂದಿನ ಬೀದಿ ತಲುಪಿದ್ದೀಯ."

ಇಲ್ಲಿಗೆ ಮಾತು ಮುಗಿಯಬೇಕಿತ್ತು. ಆದರೆ ಮೇಷ್ಟ್ರಿಗೆ ಮೊದಲಿನಿಂದ ಹೇಳದಿದ್ದರೆ ಸಮಾಧಾನ ಇಲ್ಲ.

"ಇದೆಲ್ಲ ಶುರುವಾದದ್ದು ಹೆಸರು ಗೀಚುವುದರಿಂದ. ನ್ಯೂಯಾರ್ಕಿನಲ್ಲಿ ಪಾರ್ಸಲ್ ತಲುಪಿಸುವ ಒಬ್ಬ ಹುಡುಗ ಹೋದಲ್ಲೆಲ್ಲ ಟಾಕಿ 183 ಅಂತ ಬರೆಯುತ್ತಿದ್ದ. ಟಾಕಿ ಅವನ ಅಡ್ಡಹೆಸರು, 183 ಅವನ ಬೀದಿಯ ನಂಬರು. 1971ರಲ್ಲಿ ನ್ಯೂಯಾರ್ಕ್ ಟೈಮ್ಸ್‌ನವರು ಅವನ ಬಗ್ಗೆ ಬರೆದರು. ಆಮೇಲೆ ಕೇಳಬೇಡ."

"ನಾನೂ ಗೋಪಿಯೂ ಬರೆದಿದ್ದೆವು" ಎಂದ ನಾಣಿ. "ನಮ್ಮನ್ನು ಹುಡುಕಿಕೊಂಡು ಪತ್ರಿಕೆಯವರು ಬರಲಿಲ್ಲ. ಗೋಪಿಯ ಅಪ್ಪ ಬಂದರು."

"ಯಾವ ಗೋಪಿ? ಬಡಗಿ ಮನೆ ಗೋಪಿನಾ?"

"ಅವನೇ. ನನಗೆ ಒಂಬತ್ತು ವರ್ಷ. ಅವರ ಪೆಟ್ಟಿಗೆಯಿಂದಲೇ ಮೊಳೆ ಕದ್ದು ಅವರ ಗೋಡೆಗೇ ಕೆತ್ತಿದೆವು. 'ನಾ ಗೋ', ಎರಡೇ ಅಕ್ಷರ. ಅಷ್ಟಕ್ಕೆ ಕಿವಿ ಹಿಂಡಿಸಿಕೊಂಡೆವು. ಗೋಡೆ ಹಾಳು ಮಾಡಿದಿರಿ ಅಂತ."

ಸೀನನ ಸಿಟ್ಟು ಸ್ವಲ್ಪ ಇಳಿದಿತ್ತು. "ಆ ಗೋಡೆ ಈಗ ನೋಡಬೇಕು ನೀನು. ಕೊನೇ ಸ್ಟಾಪು ಅದೇ. ಮೂರಂತಸ್ತು ಎತ್ತರದ ಬಡಗಿ! ಕಿವಿಯ ಮೇಲೆ ಪೆನ್ಸಿಲು, ಕೈಯಲ್ಲಿ ಉಜ್ಜುಗೊರಡು. ಕೆಳಗೆ 'ಈ ಬೀದಿಯ ದುಡಿಯುವ ಕೈಗಳಿಗೆ' ಅಂತ ಬರೆದಿದ್ದಾರೆ."

"ಕೈಗಳು ಎಲ್ಲಿವೆ ಅಂತ ಗೈಡ್ ಹೇಳಿದರಾ?"

ಸೀನ ಸುಮ್ಮನಾದ.

"ಊರಾಚೆ ಶೆಡ್ಡಿನಲ್ಲಿದ್ದಾನೆ ಗೋಪಿ" ಎಂದಳು ಪದ್ದಕ್ಕ. "ಬಾಡಿಗೆ ಏರಿಸಿದರು ಅಂತ ಹೋದ. ಹೋಗುವಾಗ ನನ್ನ ಸ್ಟೂಲಿನ ಕಾಲು ಸರಿ ಮಾಡಿಕೊಟ್ಟು ಹೋದ."

ಮೇಷ್ಟ್ರು ಗಂಟಲು ಸರಿಮಾಡಿಕೊಂಡರು. "ಬರ್ಲಿನ್ನಿನಲ್ಲಿ ಬ್ಲೂ ಅನ್ನುವ ಕಲಾವಿದನ ಎರಡು ದೊಡ್ಡ ಚಿತ್ರ ಇದ್ದವು, ಕ್ರೋಯಿಟ್ಸ್‌ಬರ್ಗ್ ಅನ್ನುವ ಕಡೆ. ಜನ ಹುಡುಕಿಕೊಂಡು ಬರುತ್ತಿದ್ದರು. ಪಕ್ಕದ ಖಾಲಿ ಜಾಗದಲ್ಲಿ ಕಟ್ಟಡ ಕಟ್ಟುವ ಯೋಜನೆ ಬಂತು. 2014ರ ಡಿಸೆಂಬರಿನ ಒಂದು ರಾತ್ರಿ ಅವನ ಒಪ್ಪಿಗೆಯಿಂದಲೇ ಎರಡಕ್ಕೂ ಕಪ್ಪು ಬಳಿದುಬಿಟ್ಟರು. ಚಿತ್ರ ತೋರಿಸಿ ಜಾಗದ ಬೆಲೆ ಏರಿಸುವುದು ಬೇಡ ಅಂತ."

"ತನ್ನ ಚಿತ್ರಕ್ಕೆ ತಾನೇ?" ಸೀನ ನಂಬಲಿಲ್ಲ.

"ಅವನಿಗೆ ಆ ಬೀದಿಯ ಲೆಕ್ಕ ಗೊತ್ತಿತ್ತು" ಎಂದ ನಾಣಿ. "ಬಾಡಿಗೆ ಕಡಿಮೆ ಅಂತ ಕಲಾವಿದರು ಬರುತ್ತಾರೆ. ಕಲಾವಿದರು ಇದ್ದಾರೆ ಅಂತ ಹಳದಿ ಛತ್ರಿ ಬರುತ್ತೆ. ಛತ್ರಿ ಬಂತು ಅಂತ ಬಾಡಿಗೆ ಏರುತ್ತೆ. ಆಮೇಲೆ ಬಡಗಿಯೂ ಹೋಗುತ್ತಾನೆ, ಕಲಾವಿದನೂ ಹೋಗುತ್ತಾನೆ. ಛತ್ರಿ ಮಾತ್ರ ಉಳಿಯುತ್ತೆ."

"ಮಾತು ಹೇಳೋಕೆ ಸುಲಭ. ನೀನು ಒಂದು ಸಲ ಬಂದು ನೋಡು. ನೋಡದೆ ಬೈಯಬಾರದು."

"ನೋಡಿದ್ದೇನೆ."

"ಟೂರಿನಲ್ಲಿ?" ಪದ್ದಕ್ಕನ ಹುಬ್ಬು ಮೇಲೆ ಹೋಯಿತು.

"ಟೂರಿಗೆ ಯಾರು ಹೋದರು? ಹೋದ ಭಾನುವಾರ ಅಂಗಡಿಯಿಂದ ಬರುತ್ತಿದ್ದೆ. ಎದುರಿಂದ ಛತ್ರಿ ಬಂತು, ಹಿಂದಿನಿಂದ ಇಪ್ಪತ್ತು ಜನ ಬಂದರು. ಓಣಿ ಸಣ್ಣದು, ನಡುವೆ ಸಿಕ್ಕಿಹಾಕಿಕೊಂಡೆ. ಒಬ್ಬಳು ನನಗೂ ಸ್ಟಿಕ್ಕರ್ ಅಂಟಿಸಿದಳು. ಎಲ್ಲರೂ ತಲೆ ಎತ್ತಿ ಬಡಗಿಯ ಮುಖ ನೋಡುತ್ತಿದ್ದರು. ನಾನು ಕೆಳಗೆ ನೋಡಿದೆ. ಗೋಪಿಯ ಅಪ್ಪ ಕೂತು ಕೆಲಸ ಮಾಡುತ್ತಿದ್ದ ಕಟ್ಟೆ ಅಲ್ಲೇ ಇತ್ತಲ್ಲ, ಅಲ್ಲಿ ಈಗ ಬಡಗಿಯ ಕಾಲು ಬಂದಿದೆ. ಹೆಬ್ಬೆರಳಿನ ಉಗುರಿಗೆ ಬಿಳಿ ಬಣ್ಣ ಕೊಟ್ಟಿದ್ದಾರೆ. ಆ ಉಗುರಿನ ಪಕ್ಕ ಬಣ್ಣ ಸ್ವಲ್ಪ ತಗ್ಗಾಗಿತ್ತು. ದೂರಕ್ಕೆ ಕಾಣಲ್ಲ. ಬಗ್ಗಿ ಬೆರಳಿಟ್ಟೆ. 'ನಾ' ಸಿಕ್ಕಿತು. ದೀರ್ಘ ಉದ್ದ ಎಳೆದಿದ್ದೆವು, ಬೆರಳು ಅದರಲ್ಲೇ ಜಾರಿಕೊಂಡು ಹೋಯಿತು."

"'ಗೋ'?"

"ಅದನ್ನು ಹುಡುಕುತ್ತಿದ್ದೆ. ಅಷ್ಟರಲ್ಲಿ ಗೈಡ್ ಓಡಿ ಬಂದ. ಒಳ್ಳೆ ಹುಡುಗ, ಸಣ್ಣ ದನಿಯಲ್ಲೇ ಹೇಳಿದ: ಮುಟ್ಟಬೇಡಿ ಸರ್, ಕಲೆ ಆಗುತ್ತೆ."

ಪದ್ದಕ್ಕ ನಗಲು ಬಾಯಿ ತೆರೆದಳು, ನಗಲಿಲ್ಲ. "ನೀನೇನು ಮಾಡಿದೆ?"

"ಕೈ ತೆಗೆದೆ" ಎಂದ ನಾಣಿ. "ಟೋಪಿ ಹಿಡಿದ. ಅದಕ್ಕೂ ಹಾಕಿದೆ."