‘ಪ್ರಿನ್ಕೆಪ್ಸ್’ಗೆ ಕನ್ನಡದಲ್ಲಿ ಏನನ್ನೋಣ? (‘ಚಕ್ರವರ್ತಿ’ ಬೇಡ ಅನ್ನುವುದು ನನ್ನ ತಕರಾರು)

ಎಲ್ಲರಿಗೂ ನಮಸ್ಕಾರ,

ಒಂದು ಪದದ ಬಗ್ಗೆ ನಿಮ್ಮ ಸಲಹೆ ಬೇಕಿತ್ತು. ರೋಮಿನ ಇತಿಹಾಸಕಾರ ಟ್ಯಾಸಿಟಸ್‌ನ ‘ಆನಲ್ಸ್’ ಇದೆಯಲ್ಲ, ಅದರ ಮೊದಲ ಕೆಲವು ಪುಟಗಳನ್ನು ಕನ್ನಡಕ್ಕೆ ತರುತ್ತಿದ್ದೇನೆ. ಇಂಗ್ಲಿಷ್ ಅನುವಾದ ಎದುರಿಗೆ, ಲ್ಯಾಟಿನ್ ಮೂಲ ಪಕ್ಕದಲ್ಲಿ. ಮೊದಲ ಪ್ಯಾರಾದಲ್ಲೇ ಗಾಡಿ ನಿಂತಿದೆ. ಕಾರಣ ‘ಪ್ರಿನ್ಕೆಪ್ಸ್’, ರೋಮನ್ನು ಆಳಿದ ಆಗಸ್ಟಸ್‌ಗೆ ಸಲ್ಲುತ್ತಿದ್ದ ಹೆಸರು.

ನಮ್ಮ ಪಠ್ಯಪುಸ್ತಕಗಳಲ್ಲಿ, ಪತ್ರಿಕೆಗಳಲ್ಲಿ ಆಗಸ್ಟಸ್ ಅಂದರೆ ‘ರೋಮಿನ ಮೊದಲ ಚಕ್ರವರ್ತಿ’. ಸುಮ್ನೆ ಪರಿಚಯ ಹೇಳುವುದಕ್ಕೆ ಅದು ಸಾಕು. ಆದರೆ ಟ್ಯಾಸಿಟಸ್‌ನ ವಾಕ್ಯದೊಳಗೆ ಆ ಪದವನ್ನು ಕೂರಿಸಿ ನೋಡಿ. ಒಳಜಗಳಗಳಿಂದ ಸೋತು ಸುಣ್ಣವಾಗಿದ್ದ ಎಲ್ಲವನ್ನೂ ಆಗಸ್ಟಸ್ ‘ನೋಮಿನೆ ಪ್ರಿನ್ಕಿಪಿಸ್’, ಅಂದರೆ ಪ್ರಿನ್ಕೆಪ್ಸ್ ಅನ್ನುವ ಹೆಸರಿನಲ್ಲಿ, ತನ್ನ ‘ಇಂಪೆರಿಯುಂ’ (ಆಳುವ ಅಧಿಕಾರ) ಕೆಳಗೆ ತೆಗೆದುಕೊಂಡ ಅನ್ನುತ್ತಾನೆ. ಹೆಸರು ಸಾದಾ, ಹಿಡಿತ ಪೂರ್ತಿ. ಟ್ಯಾಸಿಟಸ್ ಚುಚ್ಚುವುದು ಅಲ್ಲೇ. ಈಗ ‘ಚಕ್ರವರ್ತಿ ಎಂಬ ಹೆಸರಿನಲ್ಲಿ ಎಲ್ಲವನ್ನೂ ತನ್ನ ಆಳ್ವಿಕೆಗೆ ತಂದ’ ಅಂತ ಬರೆದರೆ ಚುಚ್ಚುವುದಕ್ಕೆ ಏನುಳಿಯಿತು? ಚಕ್ರವರ್ತಿ ಆಳದೆ ಇನ್ನೇನು ಮಾಡುತ್ತಾನೆ!

ಸ್ವಲ್ಪ ಮುಂದೆ ಇದು ಇನ್ನೂ ಜಾಸ್ತಿ ಕಾಡುತ್ತದೆ. ಕ್ರಿ.ಶ. 14ರಲ್ಲಿ ಆಗಸ್ಟಸ್ ಸತ್ತ ಮೇಲೆ ಊರಿನಲ್ಲಿ ಜನ ಏನೇನು ಮಾತಾಡಿಕೊಂಡರು ಅನ್ನುವ ಒಂದು ಭಾಗ ಇದೆ. ಅವನ ಪರ ಇದ್ದವರು, ‘ರಾಜನಾಗಿ ಅಲ್ಲ, ಡಿಕ್ಟೇಟರ್ ಆಗಿಯೂ ಅಲ್ಲ, ಬರೀ ಪ್ರಿನ್ಕೆಪ್ಸ್ ಅನ್ನುವ ಹೆಸರಿನಲ್ಲೇ ರಾಜ್ಯವನ್ನು ನೆಲೆಗೆ ನಿಲ್ಲಿಸಿದ’ ಅನ್ನುತ್ತಾರೆ. ಒಂದೇ ವಾಕ್ಯದಲ್ಲಿ ಮೂರು ಪದವಿ. ರಾಜ ಅನ್ನುವ ಪದ ರೋಮಿನವರಿಗೆ ಆಗುತ್ತಲೇ ಇರಲಿಲ್ಲ, ಹಳೆಯ ಕಾಲದಲ್ಲಿ ರಾಜರನ್ನು ಓಡಿಸಿದ್ದೇ ಅವರ ಹೆಮ್ಮೆ. ಡಿಕ್ಟೇಟರ್ ಅನ್ನುವುದು ಕಾನೂನಿನಲ್ಲಿದ್ದ ಹುದ್ದೆ, ಆಪತ್ತಿನ ಕಾಲಕ್ಕೆ ಮಾತ್ರ. ಜೂಲಿಯಸ್ ಸೀಸರ್ ಅದನ್ನು ಬದುಕಿರುವವರೆಗೂ ಅಂತ ಮಾಡಿಕೊಂಡ, ಅದೇ ವರ್ಷ, ಕ್ರಿ.ಪೂ. 44ರಲ್ಲಿ, ಕೊಲೆಯಾದ. ಇದನ್ನು ನೋಡಿದ್ದ ಆಗಸ್ಟಸ್ ಬುದ್ಧಿವಂತ. ಜನ ಬಲವಂತವಾಗಿ ಡಿಕ್ಟೇಟರ್ ಆಗು ಅಂದಾಗ ಮಂಡಿಯೂರಿ, ಭುಜದಿಂದ ಟೋಗಾ ಜಾರಿಸಿ, ಎದೆ ತೆರೆದು, ಬೇಡಪ್ಪಾ ಅಂತ ಬೇಡಿಕೊಂಡ ಅಂತ ಅವನ ಜೀವನಚರಿತ್ರೆ ಬರೆದ ಸ್ಯೂಟೋನಿಯಸ್ ಬರೆಯುತ್ತಾನೆ. ನಾಟಕ ಅನ್ನಿ, ಭಯ ಅನ್ನಿ. ಇಷ್ಟೆಲ್ಲಾ ಮಾಡಿದವನನ್ನು ನಾವು ಕನ್ನಡದಲ್ಲಿ ಒಂದೇ ಏಟಿಗೆ ಚಕ್ರವರ್ತಿ ಮಾಡಿ ಕೂರಿಸುತ್ತೇವೆ.

ಡಿಕ್ಟೇಟರ್‌ಗೆ ‘ಸರ್ವಾಧಿಕಾರಿ’ ಇಟ್ಟಿದ್ದೇನೆ, ಅದಕ್ಕೆ ಯಾರ ತಕರಾರೂ ಇರಲಿಕ್ಕಿಲ್ಲ. ಇವತ್ತು ಅದು ಬೈಗುಳ, ಹಿಂದೆ ಅದು ಹುದ್ದೆ. ಮೈಸೂರಿನಲ್ಲಿ ಒಡೆಯರನ್ನು ಸಿಂಹಾಸನದ ಮೇಲೆ ಹಾಗೇ ಉಳಿಸಿಕೊಂಡು ಹೈದರ್ ಅಲಿ ಆಳಿದ್ದು ಸರ್ವಾಧಿಕಾರಿ ಅಂತಲೇ ಅಲ್ವಾ. ಎರಡೂ ಅರ್ಥ ರೋಮಿಗೆ ಹೊಂದುತ್ತವೆ.

ಇನ್ನು ಪ್ರಿನ್ಕೆಪ್ಸ್. ಮೂಲದಲ್ಲಿ ಅದು ಪದವಿಯೇ ಅಲ್ಲ. ‘ಮೊದಲು ನಿಲ್ಲುವವನು’, ಅಷ್ಟೇ. ಗಣರಾಜ್ಯದ ಕಾಲದಲ್ಲಿ ದೊಡ್ಡ ಮನುಷ್ಯರೆಲ್ಲ ಪ್ರಿನ್ಕೆಪ್ಸ್‌ಗಳೇ. ಸೆನೆಟ್‌ನ ಪಟ್ಟಿಯಲ್ಲಿ ಯಾರ ಹೆಸರು ಮೊದಲಿರುತ್ತದೋ ಅವನು ‘ಪ್ರಿನ್ಕೆಪ್ಸ್ ಸೆನಾತುಸ್’, ಸಭೆಯಲ್ಲಿ ಮೊದಲು ಮಾತಾಡುವ ಗೌರವ ಅವನದು. ಕ್ರಿ.ಪೂ. 28ರಿಂದ ಆ ಸ್ಥಾನ ಆಗಸ್ಟಸ್‌ನದೇ. ತಾನು 40 ವರ್ಷ ಆ ಸ್ಥಾನದಲ್ಲಿದ್ದೆ ಅಂತ ತನ್ನ ಸಾಧನೆಗಳ ಶಾಸನದಲ್ಲಿ ಅವನೇ ಹೇಳಿಕೊಂಡಿದ್ದಾನೆ. ಅಧಿಕಾರದಲ್ಲಿ ನಾನು ಉಳಿದವರಿಗಿಂತ ಹೆಚ್ಚೇನಲ್ಲ, ‘ಆಕ್ಟೋರಿತಾಸ್’ನಲ್ಲಿ ಮಾತ್ರ ಎಲ್ಲರಿಗಿಂತ ಮೇಲೆ ಅನ್ನುವ ಮಾತೂ ಅಲ್ಲೇ ಇದೆ. (ಈ ಆಕ್ಟೋರಿತಾಸ್‌ಗೆ ನನ್ನ ಮಟ್ಟಿಗೆ ‘ವರ್ಚಸ್ಸು’ ಸರಿಹೋಗುತ್ತದೆ.)

ನನಗೆ ತಕ್ಷಣ ಹೊಳೆದದ್ದು ‘ಪ್ರಥಮ ಪ್ರಜೆ’. ಅಕ್ಷರಕ್ಕಕ್ಷರ ಸರಿ ಅನ್ನಿಸಿತು. ಆದರೆ ನಮ್ಮ ಪತ್ರಿಕೆಗಳಲ್ಲಿ ದೇಶದ ಪ್ರಥಮ ಪ್ರಜೆ ಅಂದರೆ ರಾಷ್ಟ್ರಪತಿ, ನಗರದ ಪ್ರಥಮ ಪ್ರಜೆ ಅಂದರೆ ಮೇಯರ್. ಆಗಸ್ಟಸ್ ಕೊರಳಿಗೆ ಹಾರ ಹಾಕಿಸಿಕೊಂಡು ಒಳಚರಂಡಿ ಕಾಮಗಾರಿ ಉದ್ಘಾಟನೆಗೆ ಬಂದ ಹಾಗೆ ಕೇಳಿಸುತ್ತದೆ. ಇನ್ನೊಂದು ತೊಡಕು ‘ಪ್ರಜೆ’ಯದು. ಕನ್ನಡದಲ್ಲಿ ರಾಜನಿಗೆ ಎದುರು ಪ್ರಜೆ, ಪ್ರಜಾಪ್ರಭುತ್ವದಲ್ಲೂ ಪ್ರಜೆ. ಆಳಿಸಿಕೊಳ್ಳುವವನೂ ಅವನೇ, ಹಕ್ಕುಳ್ಳವನೂ ಅವನೇ. ರೋಮಿನ ‘ಕಿವಿಸ್’ಗೆ (ನಾಗರಿಕನಿಗೆ) ಹಕ್ಕಿನ ಅರ್ಥ ಮಾತ್ರ. ಆದರೂ, ಕಿವಿಸ್‌ಗಳೆಲ್ಲ ಮೆಲ್ಲಗೆ ಪ್ರಜೆಗಳಾಗಿದ್ದೇ ತಾನೇ ಟ್ಯಾಸಿಟಸ್‌ನ ಕಥೆ, ಹಾಗಾಗಿ ಇದನ್ನು ಪೂರ್ತಿ ಬಿಟ್ಟುಕೊಡಲು ಮನಸ್ಸಿಲ್ಲ.

‘ಮುಂದಾಳು’ ಇಟ್ಟು ನೋಡಿದೆ. ಅದು ಪಕ್ಷದ, ಚಳವಳಿಯ ಪದ. ‘ಮೊದಲಿಗ’ ಅಂದರೆ ಮೊದಲು ಮಾಡಿದವನು ಅನ್ನುವ ಅರ್ಥ ಬಂದುಬಿಡುತ್ತದೆ. ಸದ್ಯಕ್ಕೆ ನಾನು ವಾಲಿರುವುದು ‘ಅಗ್ರಣಿ’ ಕಡೆಗೆ. ರಾಜನ ವಾಸನೆ ಇಲ್ಲ, ಗೌರವ ಇದೆ, ‘ಅಗ್ರಪೂಜೆ’ಯ ನೆನಪೂ ಹಿಂದೆಯೇ ಬರುತ್ತದೆ. ಸಭೆಯಲ್ಲಿ ಮೊದಲ ಮರ್ಯಾದೆ ಯಾರಿಗೆ ಅನ್ನುವುದು ಎಷ್ಟು ದೊಡ್ಡ ರಾಜಕೀಯ ಅನ್ನುವುದನ್ನು ಶಿಶುಪಾಲನ ಕಥೆ ಗೊತ್ತಿರುವ ಓದುಗರಿಗೆ ಬಿಡಿಸಿ ಹೇಳಬೇಕಿಲ್ಲ.

‘ಇಂಪೆರಾಟೋರ್’ ವಿಷಯ ಬೇಗ ಮುಗಿಯುತ್ತದೆ. ಇಂಗ್ಲಿಷಿನ ಎಂಪರರ್ ಬಂದದ್ದು ಇದರಿಂದಲೇ, ಅದಕ್ಕೇ ಎಲ್ಲರೂ ಎಡವುವುದು. ಆದರೆ ಅದು ಗೆದ್ದ ಸೇನಾಪತಿಗೆ ಸೈನಿಕರು ಕೂಗಿ ಕೊಡುತ್ತಿದ್ದ ಬಿರುದು. ಮಾತಿನ ಮಲ್ಲ ಸಿಸೆರೋಗೂ ಒಮ್ಮೆ ಅದು ಸಿಕ್ಕಿತ್ತು! ‘ದಂಡನಾಯಕ’ ಸಾಕು.

ಈ ‘ಅಗ್ರಣಿ’, ‘ದಂಡನಾಯಕ’ ಎರಡೂ, ಜೊತೆಗೆ ‘ಧಣಿ’ಯೂ ಒಟ್ಟಿಗೆ ಬರುವ ಜಾಗ ಒಂದಿದೆ. ಅಲ್ಲಿ ಹೊಂದಿದರೆ ಎಲ್ಲ ಕಡೆ ಹೊಂದುತ್ತವೆ ಅನ್ನುವುದು ನನ್ನ ಲೆಕ್ಕ. ಆಗಸ್ಟಸ್ ನಂತರ ಬಂದ ಟೈಬೀರಿಯಸ್ ಪದೇ ಪದೇ ಹೇಳುತ್ತಿದ್ದ ಮಾತು ಅಂತ ಇತಿಹಾಸಕಾರ ಕ್ಯಾಸಿಯಸ್ ಡಿಯೊ ಗ್ರೀಕ್‌ನಲ್ಲಿ ಬರೆದಿಟ್ಟಿದ್ದಾನೆ. ನನ್ನ ಕರಡು ಹೀಗಿದೆ: ‘ನಾನು ಆಳುಗಳಿಗೆ ಧಣಿ, ಸೈನಿಕರಿಗೆ ದಂಡನಾಯಕ, ಉಳಿದವರಿಗೆ ಅಗ್ರಣಿ.’ ಇಲ್ಲಿ ಚಕ್ರವರ್ತಿಗೆ ಜಾಗವೇ ಇಲ್ಲ, ನೋಡಿ. ‘ಆಳು’ ಸ್ವಲ್ಪ ಮೆದುವಾಯಿತು, ಮೂಲದಲ್ಲಿರುವುದು ಗುಲಾಮ. ಆದರೆ ‘ಗುಲಾಮರಿಗೆ ಧಣಿ’ ಅಂದರೆ ಜೋಡಿ ಕೂಡುವುದಿಲ್ಲ ಅನ್ನಿಸುತ್ತದೆ. ನಿಮಗೇನನ್ನಿಸುತ್ತದೆ?

ಈ ‘ಧಣಿ’ಯೇ ನನ್ನ ಎರಡನೇ ಪ್ರಶ್ನೆ. ಲ್ಯಾಟಿನ್‌ನಲ್ಲಿ ‘ದೊಮಿನುಸ್’. ಒಮ್ಮೆ ಆಗಸ್ಟಸ್ ನಾಟಕ ನೋಡುತ್ತಾ ಕೂತಿದ್ದ. ರಂಗದ ಮೇಲೆ ಯಾರೋ ‘ಆಹಾ, ಎಂಥಾ ನ್ಯಾಯವಂತ, ಎಂಥಾ ಒಳ್ಳೆಯ ದೊಮಿನುಸ್!’ ಅಂದರು. ಇಡೀ ಸಭೆ ಅದು ಇವನಿಗೇ ಹೇಳಿದ ಮಾತು ಅಂತ ಎದ್ದು ಚಪ್ಪಾಳೆ ಹೊಡೆಯಿತು. ಇವನು ಕೈ ಸನ್ನೆ ಮಾಡಿ, ಮುಖ ಗಂಟಿಕ್ಕಿ ಅಲ್ಲೇ ನಿಲ್ಲಿಸಿದ. ಮಾರನೇ ದಿನ ಪ್ರಕಟಣೆ ಹೊರಡಿಸಿ ಎಲ್ಲರಿಗೂ ಛೀಮಾರಿ ಹಾಕಿದ. ಆಮೇಲೆ ಮಕ್ಕಳು ಮೊಮ್ಮಕ್ಕಳೂ ತಮಾಷೆಗೂ ತನ್ನನ್ನು ಹಾಗೆ ಕರೆಯಲು ಬಿಡಲಿಲ್ಲವಂತೆ. ಇದೂ ಸ್ಯೂಟೋನಿಯಸ್ ಹೇಳಿದ್ದೇ. ಇಲ್ಲಿ ‘ಒಡೆಯ’ ಅಂತ ಹಾಕಿದರೆ ಆ ಸಿಟ್ಟು ನಮಗೆ ಅರ್ಥವೇ ಆಗುವುದಿಲ್ಲ. ಒಡೆಯ ಅಂದರೆ ಮೈಸೂರಿನ ದೊರೆ, ಇಲ್ಲವೇ ವಚನಗಳಲ್ಲಿ ಬರುವ ಶಿವ. ಬೇಡ ಅನ್ನುವುದಕ್ಕೆ ಅದರಲ್ಲಿ ಏನಿದೆ? ‘ಧಣಿ’ ಅಂದರೆ ಎದುರಿಗೊಬ್ಬ ಆಳು ಟವೆಲ್ ಕಂಕುಳಲ್ಲಿಟ್ಟುಕೊಂಡು ನಿಂತಿರುತ್ತಾನೆ. ಆಗಸ್ಟಸ್ ಮುಖ ಗಂಟಿಕ್ಕಿದ್ದು ಅದಕ್ಕೆ.

ಆದರೆ ಅದೇ ಪದ ಮುಂದೆ ಬಣ್ಣ ಬದಲಿಸುತ್ತದೆ. ಟ್ಯಾಸಿಟಸ್‌ನ ಸ್ನೇಹಿತ ಪ್ಲಿನಿ ಮುಂದೆ ರೋಮನ್ನು ಆಳಿದ ಟ್ರಾಜನ್‌ಗೆ ಬರೆದ ಕಾಗದಗಳನ್ನು ನೋಡಿ, ಸಾಲು ಸಾಲಾಗಿ ‘ದೊಮಿನೆ’, ‘ದೊಮಿನೆ’ (ದೊಮಿನುಸ್ ಅಂತ ಕರೆಯುವಾಗಿನ ರೂಪ). ಅಷ್ಟು ಹೊತ್ತಿಗೆ ಅದು ಬರೀ ಮರ್ಯಾದೆಯ ಮಾತು. ಎದುರಿಗೆ ಸಿಕ್ಕವರ ಹೆಸರು ನೆನಪಾಗದಿದ್ದರೆ ದೊಮಿನೆ ಅನ್ನುತ್ತೇವಲ್ಲ ಅಂತ ತತ್ವಜ್ಞಾನಿ ಸೆನೆಕಾ ಅದಕ್ಕೂ ಮೊದಲೇ ಬರೆದಿದ್ದ. ನಮ್ಮ ‘ಏನ್ ಸ್ವಾಮಿ, ಚೆನ್ನಾಗಿದ್ದೀರಾ’ ತರಹವೇ. ಪ್ಲಿನಿಗೆ ‘ಸ್ವಾಮಿ’ ಹಾಕಿದರೆ ಚೊಕ್ಕವಾಗಿ ಕೂರುತ್ತದೆ.

ಇವೆರಡರ ನಡುವೆ, ಟ್ರಾಜನ್‌ಗಿಂತ ಮೊದಲು ಆಳಿದ ಡೊಮಿಷಿಯನ್ ಸಿಕ್ಕಿಕೊಂಡಿದ್ದಾನೆ. ತನ್ನ ಅಧಿಕಾರಿಗಳ ಹೆಸರಿನಲ್ಲಿ ಹೋಗುವ ಪತ್ರವೊಂದನ್ನು ಅವನೇ ಬಾಯಲ್ಲಿ ಹೇಳಿ ಬರೆಸುವಾಗ ಶುರು ಮಾಡಿದ್ದೇ ‘ನಮ್ಮ ದೊಮಿನುಸ್, ನಮ್ಮ ದೇವರು ಹೀಗಾಗಬೇಕೆಂದು ಅಪ್ಪಣೆ ಕೊಡಿಸಿದ್ದಾರೆ’ ಅಂತ. ‘ನಮ್ಮ ಸ್ವಾಮಿ, ನಮ್ಮ ದೇವರು’ ಅಂದರೆ ಭಜನೆಯ ಸಾಲಾಗುತ್ತದೆ, ಸೊಕ್ಕು ಕಾಣುವುದಿಲ್ಲ. ‘ನಮ್ಮ ಧಣಿ, ನಮ್ಮ ದೇವರು’ ಅಂದರೆ ತೋಟದ ಆಳು ಕೃತಜ್ಞತೆಯಿಂದ ಕೈ ಮುಗಿದ ಹಾಗಿರುತ್ತದೆ. ‘ಪ್ರಭು’ ಇಟ್ಟರೆ ಚರ್ಚಿನ ಪ್ರಾರ್ಥನೆ. ಆಗಸ್ಟಸ್ ಬೇಡ ಅಂದ ಪದವನ್ನೇ ಇವನು ಬೇಕು ಅಂದ ಅನ್ನುವುದು ಓದುಗರಿಗೆ ಗೊತ್ತಾಗಬೇಕಾದರೆ ಎರಡೂ ಕಡೆ ಒಂದೇ ಪದ ಇರಲೇಬೇಕು.

‘ಅಗ್ರಣಿ’ ನಿಮಗೆ ಒಪ್ಪಿಗೆಯೇ, ಮತ್ತು ಈ ಎರಡೂ ಕಡೆ ನಿಲ್ಲಬಲ್ಲ ಒಂದು ಪದ ಕನ್ನಡದಲ್ಲಿ ಯಾರಿಗಾದರೂ ಹೊಳೆಯುತ್ತದೆಯೇ? ಕರಾವಳಿ, ಮಲೆನಾಡು, ಉತ್ತರ ಕರ್ನಾಟಕದ ಆಡುಮಾತಿನಲ್ಲಿ ಇದ್ದರೂ ತಿಳಿಸಿ. ‘ಗೌಡ್ರು’ ಮಾತ್ರ ಬೇಡ, ಅದನ್ನು ಮನೆಯಲ್ಲಿ ಆಗಲೇ ಹೇಳಿ ನಕ್ಕಾಗಿದೆ.