ಮೋರ್ಬಿ ತೂಗುಸೇತುವೆ ಜನ ಅಲುಗಾಡಿಸಿದ್ದಕ್ಕೆ ಬಿತ್ತಾ?

ಪ್ರಶ್ನೆ: ಸರ್, 2022ರಲ್ಲಿ ಗುಜರಾತಿನ ಮೋರ್ಬಿಯಲ್ಲಿ ತೂಗುಸೇತುವೆ ಬಿತ್ತಲ್ಲ, ಹುಡುಗರು ಅದನ್ನು ಅಲುಗಾಡಿಸುವ ವಿಡಿಯೋ ಆಗ ಎಲ್ಲ ಕಡೆ ಓಡಾಡಿತ್ತು. ಅದಕ್ಕೇ ಬಿತ್ತಾ? ನಮ್ಮೂರ ಹೊಳೆಗೂ ತೂಗುಸೇತುವೆ ಇದೆ. ಮಕ್ಕಳು ದಿನಾ ಅದರ ಮೇಲೇ ಶಾಲೆಗೆ ಹೋಗುತ್ತಾರೆ.

ಉತ್ತರ (ಸೇತುವೆ ಇಂಜಿನಿಯರ್): ತೂಗುಸೇತುವೆ ಅಂದಮೇಲೆ ಅಲುಗಾಡುತ್ತದೆ. ಅದನ್ನು ತಾಳಿಕೊಳ್ಳುವ ಹಾಗೆಯೇ ಕಟ್ಟಿರಬೇಕು. ಮೋರ್ಬಿಯಲ್ಲಿ ಮುಖ್ಯ ಕೇಬಲ್ಲೇ ಮೊದಲೇ ಸೋತಿತ್ತು. ಒಂದು ಕೇಬಲ್‌ನಲ್ಲಿ 7 ಎಳೆ, ಎಳೆಗೆ 7 ತಂತಿ, ಒಟ್ಟು 49. ಹರಿದ ಕೇಬಲ್‌ನಲ್ಲಿ 22 ತಂತಿ ತುಕ್ಕು ತಿಂದಿದ್ದವು, ಅವು ಹಿಂದೆಯೇ ತುಂಡಾಗಿರಬಹುದು ಎಂದು ವಿಶೇಷ ತನಿಖಾ ತಂಡ ಹೇಳಿತು. ಅಂದರೆ ಉಳಿದ 27 ತಂತಿಯೇ ಭಾರ ಹೊತ್ತಿರಬಹುದು.

ರಾಜರ ಕಾಲದ ಆ ಸೇತುವೆಯನ್ನು ದುರಸ್ತಿಗೆಂದು ತಿಂಗಳುಗಟ್ಟಲೆ ಮುಚ್ಚಿದ್ದರು. ಮರದ ಹಲಗೆ ತೆಗೆದು ಅಲ್ಯೂಮಿನಿಯಂ ಹಾಕಿದರು, ಭಾರ ಜಾಸ್ತಿ ಆಯಿತು. ಕೇಬಲ್‌ನಿಂದ ನಡೆಯುವ ಹಾಸನ್ನು ತೂಗುಹಾಕುವ ಹಳೇ ಕಂಬಿಗೇ ಹೊಸ ಕಂಬಿ ವೆಲ್ಡ್ ಮಾಡಿದರು. ಮುಖ್ಯ ಕೇಬಲ್ ಮಾತ್ರ ಬದಲಾಗಲಿಲ್ಲ. ಭಾರ ಹಾಕಿ ಪರೀಕ್ಷೆಯನ್ನೂ ಮಾಡಲಿಲ್ಲ. ಅಕ್ಟೋಬರ್ 26, ಗುಜರಾತಿಗಳ ಹೊಸ ವರ್ಷದ ದಿನ ತೆರೆದರು. 30ರ ಭಾನುವಾರ ಸಂಜೆ ಮಚ್ಛು ನದಿಗೆ ಬಿತ್ತು. 135 ಜನ ಸತ್ತರು. ದೀಪಾವಳಿ ರಜೆ ಅಂತ ಮನೆಮಂದಿಯೆಲ್ಲ ಬಂದಿದ್ದರು. ದೊಡ್ಡವರಿಗೆ 17 ರೂಪಾಯಿ ಟಿಕೆಟ್, ಮಕ್ಕಳಿಗೆ 12. ಆ 12 ರೂಪಾಯಿ ಟಿಕೆಟ್ ನೆನೆದರೆ ಈಗಲೂ ಕರುಳು ಕಿವುಚುತ್ತದೆ.

ಪ್ರಶ್ನೆ: ಆದರೂ ಜನ ಜಾಸ್ತಿ ಇದ್ದರು, ಅಲ್ವಾ ಸರ್?

ಉತ್ತರ: ಇದ್ದರು. ಒಂದೂಕಾಲು ಮೀಟರ್ ಅಗಲದ ಸೇತುವೆ ಮೇಲೆ ಸುಮಾರು 300 ಜನ. ಆದರೆ ಎಷ್ಟು ಜನರನ್ನು ಬಿಡಬೇಕು ಅಂತ ಲೆಕ್ಕ ಇಡಬೇಕಾದ್ದು ಗೇಟಿನಲ್ಲಿ. ಟಿಕೆಟ್ ಕೊಂಡು ಮಗುವಿನ ಕೈ ಹಿಡಿದು ಬಂದವರಿಗೆ ಕೇಬಲ್ ಒಳಗಿನ ತುಕ್ಕು ಹೇಗೆ ಗೊತ್ತಾಗಬೇಕು? ಸತ್ತವರ ಮೇಲೇ ತಪ್ಪು ಹೊರಿಸುವುದು ನನಗೆ ಸಹಿಸಲಾಗುವುದಿಲ್ಲ.

ಪ್ರಶ್ನೆ: ನಮ್ಮೂರ ಸೇತುವೆಯಲ್ಲಿ ನಾನು ಏನು ನೋಡಲಿ?

ಉತ್ತರ: ಮೊದಲು ದಡಕ್ಕೆ ಹೋಗಿ. ಕೇಬಲ್ ಕಾಂಕ್ರೀಟ್ ಒಳಗೆ ಹೋಗುವ ಜಾಗದಲ್ಲಿ ಮಣ್ಣು, ತರಗೆಲೆ ಸೇರಿ ತೇವ ನಿಲ್ಲುತ್ತದೆ. ತುಕ್ಕು ಅಲ್ಲಿಂದಲೇ ಶುರುವಾಗುವುದು ಜಾಸ್ತಿ. ಅದನ್ನು ಕೆರೆದು ನೋಡಿ. ಆಮೇಲೆ ದಪ್ಪ ಗ್ಲೌಸ್ ಹಾಕಿಕೊಂಡು, ಕೈಗೆಟುಕುವಷ್ಟು ಉದ್ದಕ್ಕೂ ಕೇಬಲ್ ಮೇಲೆ ಹಳೇ ಹತ್ತಿ ಬಟ್ಟೆ ನಿಧಾನಕ್ಕೆ ಎಳೆಯಿರಿ. ತಂತಿ ತುಂಡಾಗಿದ್ದರೆ ಬಟ್ಟೆಯ ನೂಲು ಸಿಕ್ಕಿಕೊಳ್ಳುತ್ತದೆ. ಹೊಸ ಪೇಂಟ್ ನೋಡಿ ನಂಬಬೇಡಿ. ಒಳಗಿನ ತುಕ್ಕು ಬಟ್ಟೆಗೂ ಸಿಗುವುದಿಲ್ಲ, ಹಾಗಾಗಿ ಇಂಜಿನಿಯರ್ ಕರೆಸಿ ನೋಡಿಸಿ ಅಂತ ಪಂಚಾಯಿತಿಗೆ ಬರೆದುಕೊಟ್ಟು ಸ್ವೀಕೃತಿ ತೆಗೆದುಕೊಳ್ಳಿ. ಒಂದು ತಂತಿ ತುಂಡಾಗಿದ್ದು ಕಂಡರೂ ಸರಿ, ಇಂಜಿನಿಯರ್ ಬಂದು ನೋಡುವವರೆಗೆ ಮಕ್ಕಳನ್ನು ಬೇರೆ ದಾರಿಯಲ್ಲಿ ಕಳಿಸಿ. ಸುತ್ತು ಆದರೂ ಆಗಲಿ. ಫೋಟೋ ಇಲ್ಲಿ ಹಾಕಿ, ನಾನೂ ನೋಡುತ್ತೇನೆ.